ರಕ್ತದ ಸಕ್ಕರೆಗೂ ನೆನಪಿಗೂ ಏನು ನಂಟು?

ಸಕ್ಕರೆ ಕಾಯಿಲೆ ಇದೆ ಎಂದು ಗೊತ್ತಾದ ಮೇಲೆ ವೈದ್ಯರು ಕಣ್ಣು ತೋರಿಸಿಕೊಳ್ಳಿ, ಕಿಡ್ನಿ ಪರೀಕ್ಷೆ ಮಾಡಿಸಿ, ಕಾಲಿನ ಗಾಯವನ್ನು ಕಡೆಗಣಿಸಬೇಡಿ ಎನ್ನುತ್ತಾರೆ. ಮಿದುಳಿನ ಮಾತು ಬರುವುದು ಕಡಿಮೆ. ಆದರೆ ಕಣ್ಣು, ಕಿಡ್ನಿಗಳನ್ನು ಕೆಡಿಸುವ ದಾರಿಯಲ್ಲೇ ಈ ಕಾಯಿಲೆ ಮಿದುಳನ್ನೂ ಮುಟ್ಟುತ್ತದೆ. ಅದು ಹೇಗೆಂದು ಮೊದಲಿನಿಂದ ಹೇಳುತ್ತೇನೆ. ನೀವು ಜೀವಶಾಸ್ತ್ರ ಓದಿರಬೇಕಾಗಿಲ್ಲ.

ನಾವು ಉಂಡ ಅನ್ನ, ಮುದ್ದೆ, ರೊಟ್ಟಿ ಎಲ್ಲವೂ ಕೊನೆಗೆ ಗ್ಲೂಕೋಸ್ ಎಂಬ ಸಕ್ಕರೆಯಾಗಿ ರಕ್ತ ಸೇರುತ್ತವೆ. ಆ ಸಕ್ಕರೆಯನ್ನು ಜೀವಕೋಶಗಳ ಒಳಕ್ಕೆ ಸೇರಿಸಲು ನೆರವಾಗುವ ರಸವೇ ಇನ್ಸುಲಿನ್. ಹೊಟ್ಟೆಯ ಹಿಂಬದಿಯಲ್ಲಿರುವ ಮೇದೋಜೀರಕ ಗ್ರಂಥಿ ಅದನ್ನು ತಯಾರಿಸುತ್ತದೆ. ಇನ್ಸುಲಿನ್ ಇದ್ದರೂ ದೇಹ ಅದಕ್ಕೆ ಸರಿಯಾಗಿ ಸ್ಪಂದಿಸದೆ, ಬರಬರುತ್ತ ಅದರ ತಯಾರಿಕೆಯೂ ಸಾಲದಾಗಿ ಸಕ್ಕರೆ ರಕ್ತದಲ್ಲೇ ಉಳಿಯುವುದು ಟೈಪ್ 2 ಮಧುಮೇಹ. ನಮ್ಮ ಮನೆಗಳಲ್ಲಿ ‘ಶುಗರ್’ ಎನ್ನುವುದು ಹೆಚ್ಚಾಗಿ ಇದನ್ನೇ.

ಇನ್ನು ಡಿಮೆನ್ಷಿಯಾ. ಕನ್ನಡಕ ಎಲ್ಲಿಟ್ಟೆ ಎಂದು ಹುಡುಕುವುದು ಡಿಮೆನ್ಷಿಯಾ ಅಲ್ಲ. ಅದು ನಿಮಗೂ ನನಗೂ ಇರುವುದೇ. ನಲವತ್ತು ವರ್ಷ ಸಾರು ಮಾಡಿದ ಕೈ ಒಲೆಯ ಮುಂದೆ ನಿಂತು, ಬೇಳೆ ಬೆಂದ ಮೇಲೆ ಮುಂದೇನು ಎಂದು ತಿಳಿಯದೆ ತಡವರಿಸಿದರೆ ಗಮನಿಸಬೇಕು. ನೆನಪು, ಯೋಚನೆ, ಮಾತು ಕುಗ್ಗುತ್ತ ಹೋಗಿ ದಿನದ ಕೆಲಸಕ್ಕೆ ಇನ್ನೊಬ್ಬರ ಆಸರೆ ಬೇಕಾಗುವ ಸ್ಥಿತಿಗೆ ಡಿಮೆನ್ಷಿಯಾ ಎಂದು ಹೆಸರು. ಆಲ್ಜೈಮರ್ ಕಾಯಿಲೆ ಅದರ ಮುಖ್ಯ ಕಾರಣ. ರಕ್ತನಾಳಗಳು ಕೆಟ್ಟು ಬರುವ ಬಗೆ ಇನ್ನೊಂದು. ಎಷ್ಟೋ ಜನರಲ್ಲಿ ಎರಡೂ ಬೆರೆತಿರುತ್ತವೆ.

ಈಗ ಎರಡನ್ನೂ ಜೋಡಿಸೋಣ. ಮಿದುಳು ದೇಹದ ತೂಕದಲ್ಲಿ ಸುಮಾರು ಶೇ. 2 ಮಾತ್ರ, ಆದರೆ ಶಕ್ತಿಯಲ್ಲಿ ಶೇ. 20ರಷ್ಟನ್ನು ಅದೊಂದೇ ಬಳಸುತ್ತದೆ. ಆ ಶಕ್ತಿ ಬರುವುದು ಕೂದಲಿಗಿಂತ ತೆಳುವಾದ ರಕ್ತನಾಳಗಳ ಮೂಲಕ. ನಿಮ್ಮ ತೋಟದಲ್ಲಿ ಹನಿ ನೀರಾವರಿ ಇದ್ದರೆ ನೋಡಿರುತ್ತೀರಿ: ಗಡಸು ನೀರು ಹರಿದು ಹರಿದು ಪೈಪಿನೊಳಗೆ ಉಪ್ಪು ಕಟ್ಟುತ್ತದೆ, ಮೊದಲು ಒಣಗುವುದು ಸಾಲಿನ ಕೊನೆಯ ಗಿಡ. ಸಕ್ಕರೆ ಹೆಚ್ಚಿದ ರಕ್ತವೂ ವರ್ಷಗಟ್ಟಲೆ ಹರಿದು ಸಣ್ಣ ನಾಳಗಳ ಗೋಡೆಯನ್ನು ಕೆಡಿಸುತ್ತದೆ. ಆಳದಲ್ಲಿರುವ ನರತಂತುಗಳಿಗೆ ಪೋಷಣೆ ಸಾಲದಾಗುತ್ತದೆ. ಬಿ.ಪಿ.ಯೂ ಇದ್ದರೆ ಪೆಟ್ಟು ಇನ್ನೂ ಜೋರು.

ಇನ್ನೊಂದು ದಾರಿಯ ಬಗ್ಗೆ ಚರ್ಚೆ ಮುಗಿದಿಲ್ಲ. ಆಲ್ಜೈಮರ್ ಕಾಯಿಲೆಯಲ್ಲಿ ಅಮೈಲಾಯ್ಡ್ ಎಂಬ ಪ್ರೋಟೀನು ಮಿದುಳಿನಲ್ಲಿ ಗಂಟುಗಟ್ಟುತ್ತದೆ. ಇನ್ಸುಲಿನ್ನನ್ನು ಒಡೆಯುವ ಕಿಣ್ವವೇ ಅಮೈಲಾಯ್ಡನ್ನೂ ಒಡೆಯಬಲ್ಲದು. ಹಾಗಾಗಿ ಇನ್ಸುಲಿನ್ನಿನ ಏರುಪೇರು ಈ ಶುಚಿಕಾರ್ಯಕ್ಕೂ ಅಡ್ಡಿಯಾಗಬಹುದೆಂಬ ವಾದವಿದೆ. ಕೆಲವರು ಆಲ್ಜೈಮರನ್ನು ‘ಟೈಪ್ 3 ಮಧುಮೇಹ’ ಎಂದೇ ಕರೆದುಬಿಟ್ಟರು. ನನಗೆ ಆ ಹೆಸರು ಅವಸರದ್ದೆನಿಸುತ್ತದೆ. ಮಧುಮೇಹವಿದ್ದವರ ಮಿದುಳನ್ನು ಮರಣಾನಂತರ ಪರೀಕ್ಷಿಸಿದ ಹಲವು ಅಧ್ಯಯನಗಳಲ್ಲಿ ಎದ್ದು ಕಂಡದ್ದು ಅಮೈಲಾಯ್ಡ್ ಗಂಟಿಗಿಂತ ಹೆಚ್ಚಾಗಿ ರಕ್ತನಾಳ ಕೆಟ್ಟ ಗುರುತುಗಳು.

ಅಪಾಯ ಎಷ್ಟು? 1999ರಲ್ಲಿ ನೆದರ್‌ಲ್ಯಾಂಡ್ಸಿನ ರಾಟರ್‌ಡ್ಯಾಮ್ ಅಧ್ಯಯನ, ಮಧುಮೇಹವಿದ್ದವರಲ್ಲಿ ಡಿಮೆನ್ಷಿಯಾ ಬರುವ ಸಂಭವ ಸುಮಾರು ಇಮ್ಮಡಿ ಎಂದಿತು. ಇಮ್ಮಡಿ ಎಂಬುದನ್ನು ಕೇಳಿ ಗಾಬರಿಯಾಗಬೇಡಿ, ಯಾವುದರ ಇಮ್ಮಡಿ ಎಂದು ಕೇಳಿ. ಲಂಡನ್ನಿನ ಸರ್ಕಾರಿ ನೌಕರರನ್ನು 1985ರಿಂದ ಹಿಂಬಾಲಿಸಿದ ವೈಟ್‌ಹಾಲ್ ಅಧ್ಯಯನ ಇದಕ್ಕೆ ಉತ್ತರ ಕೊಡುತ್ತದೆ. 2021ರಲ್ಲಿ ಪ್ರಕಟವಾದ ಅದರ ಲೆಕ್ಕದಂತೆ, 70ನೇ ವಯಸ್ಸಿನಲ್ಲಿ ಮಧುಮೇಹ ಇಲ್ಲದ 1000 ಜನರಲ್ಲಿ ವರ್ಷಕ್ಕೆ ಸುಮಾರು 9 ಮಂದಿಗೆ ಡಿಮೆನ್ಷಿಯಾ ಬಂತು. ಹತ್ತು ವರ್ಷಕ್ಕೂ ಮೊದಲೇ ಮಧುಮೇಹ ಬಂದಿದ್ದವರಲ್ಲಿ ಸುಮಾರು 18 ಮಂದಿಗೆ. ಈಚಿನ ಐದು ವರ್ಷಗಳಲ್ಲಿ ಬಂದಿದ್ದವರಲ್ಲಿ 10 ಮಂದಿಗೆ ಮಾತ್ರ. ಅಂದರೆ ಒಂದು ದಿನದ ರಿಪೋರ್ಟಿಗಿಂತ, ಸಕ್ಕರೆಯೊಡನೆ ಕಳೆದ ವರ್ಷಗಳೆಷ್ಟು ಎಂಬುದೇ ಮುಖ್ಯ. ನಲವತ್ತೈದರಲ್ಲಿ ಶುಗರ್ ಬಂದವರು ‘ಇನ್ನೂ ವಯಸ್ಸಿದೆ’ ಎಂದು ಸುಮ್ಮನಿರುವಂತಿಲ್ಲ.

ಹಾಗಾದರೆ ಔಷಧಿ ಹೆಚ್ಚಿಸಿ ಸಕ್ಕರೆಯನ್ನು ಆದಷ್ಟೂ ಇಳಿಸಿಬಿಟ್ಟರಾಯಿತೇ? ಅಮೆರಿಕ ಮತ್ತು ಕೆನಡಾದಲ್ಲಿ ‘ಅಕಾರ್ಡ್’ ಎಂಬ ದೊಡ್ಡ ಪ್ರಯೋಗ ಹಾಗೆಯೇ ಮಾಡಿ ನೋಡಿತು. ಸಕ್ಕರೆಯನ್ನು ತೀರ ಬಿಗಿಹಿಡಿದ ಗುಂಪಿನ ನೆನಪು, ಯೋಚನೆ 40 ತಿಂಗಳ ಬಳಿಕವೂ ಉಳಿದವರಿಗಿಂತ ಮೇಲಾಗಿರಲಿಲ್ಲ. ಸಾವು ಮಾತ್ರ ಹೆಚ್ಚು ಕಂಡು, ಆ ಬಿಗಿ ಚಿಕಿತ್ಸೆಯನ್ನು 2008ರಲ್ಲೇ ನಿಲ್ಲಿಸಬೇಕಾಯಿತು. ಜೊತೆಗೆ ಲೋ ಶುಗರ್ ಆಗಿ ಆಸ್ಪತ್ರೆ ಸೇರಿದ ವೃದ್ಧರಲ್ಲಿ ಡಿಮೆನ್ಷಿಯಾ ಹೆಚ್ಚೆಂದು 2009ರ ಕ್ಯಾಲಿಫೋರ್ನಿಯಾದ ಅಧ್ಯಯನವೊಂದು ತೋರಿಸಿತು. ಅದಕ್ಕೇ ಮೂರು ತಿಂಗಳ ಸರಾಸರಿ ಸಕ್ಕರೆ ತೋರಿಸುವ ಎಚ್‌ಬಿಎ1ಸಿ ಪರೀಕ್ಷೆಯ ಗುರಿಯನ್ನು ವೈದ್ಯರು ವಯಸ್ಸಾದ, ನಿಶ್ಶಕ್ತರಾದವರಿಗೆ ಕೊಂಚ ಸಡಿಲಿಸುತ್ತಾರೆ. ಅದನ್ನು ಅಲಕ್ಷ್ಯವೆಂದು ತಿಳಿಯಬೇಡಿ.

ನಮ್ಮವರ ಮಾಹಿತಿಯೂ ಕೂಡುತ್ತಿದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಲ್ಲಿರುವ ಮಿದುಳು ಸಂಶೋಧನಾ ಕೇಂದ್ರ, ಕೋಲಾರ ಜಿಲ್ಲೆಯ ಶ್ರೀನಿವಾಸಪುರದ ಹಳ್ಳಿಗಳಲ್ಲಿ 45 ದಾಟಿದವರ ಆರೋಗ್ಯವನ್ನು ವರ್ಷಗಳಿಂದ ಗಮನಿಸುತ್ತಿದೆ.

ನಿಮ್ಮ ಮನೆಯಲ್ಲಿ ಶುಗರ್ ಇರುವ ಹಿರಿಯರಿಗೆ ಮರೆವು ಕಂಡರೆ, ವಯಸ್ಸಾಯಿತು ಎಂದು ಬಿಡದೆ ವೈದ್ಯರಿಗೆ ಹೇಳಿ. ಬಿ12 ವಿಟಮಿನ್ ಪರೀಕ್ಷೆ ಬೇಕೇ ಎಂದೂ ಕೇಳಿ. ಮೆಟ್‌ಫಾರ್ಮಿನ್ ಮಾತ್ರೆಯನ್ನು ಬಹುಕಾಲ ತೆಗೆದುಕೊಂಡರೆ ಬಿ12 ಕಡಿಮೆಯಾಗಬಹುದು; ಅದರಿಂದ ಬಂದ ಮರೆವಿಗೆ ಚಿಕಿತ್ಸೆಯಿದೆ. ಮಾತ್ರೆಯ ಸ್ಟ್ರಿಪ್ಪನ್ನೂ ಒಮ್ಮೆ ಎಣಿಸಿ. ಬೆಳಗಿನ ಮಾತ್ರೆ ನುಂಗಿದ್ದು ಮರೆತು ಮತ್ತೊಂದು ನುಂಗಿರಬಹುದು, ಇನ್ಸುಲಿನ್ ಚುಚ್ಚಿಕೊಂಡು ಊಟ ಮರೆತಿರಬಹುದು. ಆಗ ಬೆವರು, ನಡುಕ, ಗೊಂದಲ ಕಂಡರೆ ಅದು ಲೋ ಶುಗರ್ ಇರಬಹುದು. ಎಚ್ಚರವಿದ್ದು ನುಂಗಬಲ್ಲವರಾದರೆ ತಕ್ಷಣ ಸಕ್ಕರೆ ಕದಡಿದ ನೀರು ಕುಡಿಸಿ. ಎಚ್ಚರ ತಪ್ಪಿದ್ದರೆ ಬಾಯಿಗೆ ಏನನ್ನೂ ಹಾಕದೆ ಆಸ್ಪತ್ರೆಗೆ ಕರೆದೊಯ್ಯಿರಿ.