ಗ್ರ್ಯಾಂಡ್‌ಮಾಸ್ಟರ್ ಪಟ್ಟ: ಅದರ ಲೆಕ್ಕ, ಅದರ ಬದುಕು

ಅಹಮದಾಬಾದ್, ವಡೋದರಾ, ಸೂರತ್‌ಗಳಲ್ಲಿ ಚೆಸ್ ಕಲಿಯುತ್ತಿರುವ ಕನ್ನಡದ ಮಕ್ಕಳಿಗೆ ಈ ಮಾತುಗಳು.

ಗುಜರಾತಿನ ಮೊದಲ ಗ್ರ್ಯಾಂಡ್‌ಮಾಸ್ಟರ್ ಅಹಮದಾಬಾದಿನ ತೇಜಸ್ ಬಾಕ್ರೆ. 1981ರಲ್ಲಿ ಹುಟ್ಟಿದ ಅವರಿಗೆ ಪಟ್ಟ ದಕ್ಕಿದ್ದು 2004ರಲ್ಲಿ. ಎರಡನೆಯವರೂ ಅದೇ ಊರಿನವರು: ಅಂಕಿತ್ ರಾಜಪರಾ, 2014ರಲ್ಲಿ. ಒಬ್ಬರಿಂದ ಇನ್ನೊಬ್ಬರಿಗೆ ಹತ್ತು ವರ್ಷ ಹಿಡಿಯಿತು. ಕರ್ನಾಟಕ ಇನ್ನೂ ಹೆಚ್ಚು ಕಾಯಬೇಕಾಯಿತು. ಮೈಸೂರಿನ ಎಂ.ಎಸ್. ತೇಜಕುಮಾರ್ ರಾಜ್ಯದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದದ್ದು 2017ರಲ್ಲಿ. ಆಗ ಅವರು ಮೂವತ್ತೈದು ದಾಟಿದ್ದರು, ರೈಲ್ವೆಯಲ್ಲಿ ನೌಕರಿ ಮಾಡುತ್ತಿದ್ದರು. ಅವರ ನಂತರ ಬಂದ ಬೆಂಗಳೂರಿನ ಪ್ರಣವ್ ಆನಂದ್ 2022ರಲ್ಲಿ ಹದಿನಾರು ತುಂಬುವ ಮೊದಲೇ ಆ ಪಟ್ಟ ಮುಟ್ಟಿದರು. ಪಟ್ಟಕ್ಕೆ ವಯಸ್ಸಿನ ಕಟ್ಟಿಲ್ಲ, ಆದರೆ ಕಟ್ಟುನಿಟ್ಟಾದ ಲೆಕ್ಕ ಉಂಟು. ಆ ಲೆಕ್ಕವನ್ನು ಮೊದಲೇ ತಿಳಿದವರಿಗೆ ದಾರಿಯಲ್ಲಿ ಎದೆಗುಂದುವ ಪ್ರಸಂಗ ಕಡಿಮೆ.

ವಿಶ್ವ ಚೆಸ್ ಸಂಸ್ಥೆ ಫಿಡೆ 1924ರಲ್ಲಿ ಪ್ಯಾರಿಸ್‌ನಲ್ಲಿ ಹುಟ್ಟಿತು. 1950ರಲ್ಲಿ ಅದು 27 ಆಟಗಾರರಿಗೆ ಅಧಿಕೃತವಾಗಿ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟಿತು. ಭಾರತಕ್ಕೆ ಆ ಗೌರವ ತಂದುಕೊಟ್ಟ ಮೊದಲಿಗರು ವಿಶ್ವನಾಥನ್ ಆನಂದ್, 1988ರಲ್ಲಿ. 2025ರ ಜುಲೈಯಲ್ಲಿ ದಿವ್ಯಾ ದೇಶಮುಖ್ ದೇಶದ 88ನೇ ಗ್ರ್ಯಾಂಡ್‌ಮಾಸ್ಟರ್ ಆದರು. ಒಮ್ಮೆ ಸಿಕ್ಕರೆ ಪಟ್ಟ ಜೀವನಪರ್ಯಂತದ್ದು. ಆಮೇಲೆ ರೇಟಿಂಗ್, ಅಂದರೆ ಆಟಗಾರನ ಬಲ ಅಳೆಯುವ ಅಂಕಿ, ಇಳಿದರೂ ಪಟ್ಟ ಹೋಗುವುದಿಲ್ಲ.

ಪಟ್ಟಕ್ಕೆ ಬೇಕಾದದ್ದು ಎರಡು: 2500ರ ರೇಟಿಂಗ್ ಒಮ್ಮೆಯಾದರೂ ಮುಟ್ಟುವುದು ಮತ್ತು ಸಾಮಾನ್ಯವಾಗಿ ಮೂರು ನಾರ್ಮ್ ಗಳಿಸುವುದು. ನಾರ್ಮ್ ಎಂದರೆ ಕನಿಷ್ಠ ಒಂಬತ್ತು ಸುತ್ತುಗಳ ಒಂದು ಟೂರ್ನಿಯಲ್ಲಿ 2600 ಮಟ್ಟದ ಆಟ ಆಡಿ ತೋರಿಸುವುದು. ಎದುರಾಳಿಗಳ ಸರಾಸರಿ ರೇಟಿಂಗ್ 2380 ಇದ್ದರೆ ಒಂಬತ್ತಕ್ಕೆ ಏಳು ಅಂಕ ಬೇಕಾಗುತ್ತದೆ. ಎದುರಾಳಿಗಳಲ್ಲಿ ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು, ಅರ್ಧದಷ್ಟಾದರೂ ಗ್ರ್ಯಾಂಡ್‌ಮಾಸ್ಟರ್ ಅಥವಾ ಬೇರೆ ಫಿಡೆ ಪಟ್ಟ ಪಡೆದವರಿರಬೇಕು, ಬೇರೆ ದೇಶದವರೂ ಇರಬೇಕು. ಹೀಗಾಗಿ ತನ್ನ ಊರಿನ ಟೂರ್ನಿಗಳನ್ನೆಲ್ಲ ಗೆದ್ದರೂ ನಾರ್ಮ್ ಸಿಗದಿರಬಹುದು. ಭಾರತದ ಆಟಗಾರರು ಯುರೋಪಿಗೆ ಹೋಗಿ ತಿಂಗಳುಗಟ್ಟಲೆ ಆಡುವುದು ಇದೇ ಕಾರಣಕ್ಕೆ. ಪ್ರಣವ್ ಆನಂದ್ ಪಟ್ಟ ಪೂರೈಸಿದ್ದು ರೊಮೇನಿಯಾದ ಮಮಾಯಾದಲ್ಲಿ.

ನಾರ್ಮ್‌ಗಿಂತ ಹೆಚ್ಚು ಮಂದಿಯನ್ನು ಕಾಡುವುದು ರೇಟಿಂಗ್. ಹದಿನೆಂಟರೊಳಗಿನ, 2300ರ ಕೆಳಗಿನ ಆಟಗಾರರಿಗೆ ಫಿಡೆಯ ಲೆಕ್ಕದಲ್ಲಿ ಗುಣಕ, ಅಂದರೆ ಒಂದು ಆಟದಿಂದ ರೇಟಿಂಗ್ ಎಷ್ಟು ಬದಲಾಗಬಹುದೆಂಬ ಮಿತಿ, 40. ಸರಿಸಮ ಎದುರಾಳಿಯನ್ನು ಸೋಲಿಸಿದರೆ ಒಂದೇ ಆಟಕ್ಕೆ 20 ಪಾಯಿಂಟ್ ಬರುತ್ತದೆ. ಒಮ್ಮೆ 2400 ಮುಟ್ಟಿದ ಮೇಲೆ ಗುಣಕ 10ಕ್ಕೆ ಇಳಿಯುತ್ತದೆ, ಅದೇ ಗೆಲುವಿಗೆ ಸಿಗುವುದು 5. ಇನ್ನೂರು ಪಾಯಿಂಟ್ ಕೆಳಗಿರುವ ಆಟಗಾರನನ್ನು ಸೋಲಿಸಿದರೆ 2.4 ಮಾತ್ರ ಬರುತ್ತದೆ. ಅವನೊಡನೆ ಡ್ರಾ ಆದರೆ 2.6 ಹೋಗುತ್ತದೆ, ಸೋತರೆ 7.6 ಹೋಗುತ್ತದೆ. ಸರಿಸಮರ ನಡುವೆಯೇ ಆಡುತ್ತ 2400ರಿಂದ 2500ಕ್ಕೆ ಏರಲು ಸೋಲಿಗಿಂತ ಗೆಲುವು ಇಪ್ಪತ್ತು ಹೆಚ್ಚಿರಬೇಕು. ಭಾರತದ ಓಪನ್ ಟೂರ್ನಿಗಳಲ್ಲಂತೂ ರೇಟಿಂಗ್‌ಗಿಂತ ಬಲವಾಗಿ ಆಡುವ ಮಕ್ಕಳು ಪ್ರತಿ ಸುತ್ತಿನಲ್ಲೂ ಎದುರಾಗುತ್ತಾರೆ. ಹತ್ತನೇ ವಯಸ್ಸಿನಲ್ಲಿ ದಡದಡನೆ ಏರಿದ ಹುಡುಗ ಹದಿನೇಳಕ್ಕೆ ನಿಂತಲ್ಲೇ ನಿಂತಂತೆ ಕಾಣುವುದು ಸಾಮಾನ್ಯ. ಅದರಲ್ಲಿ ದೊಡ್ಡ ಪಾಲು ಈ ಲೆಕ್ಕದ್ದು. ಪ್ರತಿಭೆ ಬತ್ತಿತೆಂದು ಅಲ್ಲಿಗೇ ಆಟ ಬಿಡುವುದು ದುಡುಕು.

ಹುಡುಗಿಯರಿಗೆ ಎರಡು ದಾರಿಗಳಿವೆ. ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಎಂಬುದು 2300ರ ರೇಟಿಂಗ್ ಕೇಳುವ ಪ್ರತ್ಯೇಕ ಪಟ್ಟ. ಗ್ರ್ಯಾಂಡ್‌ಮಾಸ್ಟರ್ ಪಟ್ಟ ಎಲ್ಲರಿಗೂ ಒಂದೇ. 2002ರಲ್ಲಿ ಕೊನೇರು ಹಂಪಿ ಆ ಪಟ್ಟ ಪಡೆದ ಭಾರತದ ಮೊದಲ ಮಹಿಳೆಯಾದರು. ಬಳಿಕ ಹಾರಿಕಾ, ವೈಶಾಲಿ, ದಿವ್ಯಾ ಬಂದರು. ದಿವ್ಯಾ ಒಂದೂ ಗ್ರ್ಯಾಂಡ್‌ಮಾಸ್ಟರ್ ನಾರ್ಮ್ ಇಲ್ಲದೆ, ಬಟೂಮಿಯಲ್ಲಿ ಮಹಿಳಾ ವಿಶ್ವಕಪ್ ಗೆದ್ದು ನೇರವಾಗಿ ಪಟ್ಟಕ್ಕೇರಿದರು. ಇಂಥ ನೇರ ದಾರಿಗಳು ಅಪರೂಪ, ಆದರೆ ನಿಯಮದಲ್ಲಿವೆ.

ಗುಜರಾತಿನಲ್ಲಿದ್ದುಕೊಂಡೇ ದೊಡ್ಡ ಆಟ ನೋಡುವ ಅವಕಾಶಗಳು ಬಂದಿವೆ. 2010ರ ಡಿಸೆಂಬರ್ 24ರಂದು ಅಹಮದಾಬಾದಿನಲ್ಲಿ 20,480 ಮಂದಿ ಒಂದೇ ಜಾಗದಲ್ಲಿ ಏಕಕಾಲಕ್ಕೆ ಆಡಿ ವಿಶ್ವದಾಖಲೆ ಮಾಡಿದರು, ವಿಶ್ವನಾಥನ್ ಆನಂದ್ ಅಲ್ಲಿದ್ದರು. 2017ರಲ್ಲಿ ರಾಷ್ಟ್ರೀಯ ಮಹಿಳಾ ಪ್ರೀಮಿಯರ್ ಚಾಂಪಿಯನ್‌ಷಿಪ್ ಸೂರತ್‌ನಲ್ಲಿ ನಡೆದು, ಒಡಿಶಾದ ಪದ್ಮಿನಿ ರಾವುತ್ ಸತತ ನಾಲ್ಕನೇ ಬಾರಿ ಗೆದ್ದರು. 2024ರ ಜೂನ್‌ನಲ್ಲಿ ವಿಶ್ವ ಜೂನಿಯರ್ ಚಾಂಪಿಯನ್‌ಷಿಪ್ ಗಾಂಧಿನಗರಕ್ಕೇ ಬಂತು: ಮುಕ್ತ ವಿಭಾಗದಲ್ಲಿ ಕಜಕಸ್ತಾನದ ಕಜಿಬೆಕ್ ನೊಗರ್‌ಬೆಕ್, ಹುಡುಗಿಯರಲ್ಲಿ ಹನ್ನೊಂದಕ್ಕೆ ಹತ್ತು ಅಂಕ ಗಳಿಸಿದ ದಿವ್ಯಾ ಗೆದ್ದರು. ಸೂರತ್, ವಡೋದರಾ, ಅಹಮದಾಬಾದ್ ಒಂದೇ ರೈಲು ಮಾರ್ಗದ ಊರುಗಳು. ಇಂಥ ಟೂರ್ನಿ ನಡೆದಾಗ ಆಡುವ ಅರ್ಹತೆ ಇಲ್ಲದವರೂ ಹೋಗಿ ಒಂದು ಸುತ್ತು ಪೂರ್ತಿ ಕೂತು ನೋಡಬೇಕು. ಗಡಿಯಾರದ ಕೊನೆಯ ನಿಮಿಷಗಳಲ್ಲಿ ಬಲಿಷ್ಠರು ಹೇಗೆ ಯೋಚಿಸುತ್ತಾರೆ, ಗೆಲ್ಲಲಾಗದ ಸ್ಥಿತಿಯನ್ನು ಎಷ್ಟು ಹೊತ್ತು ತಾಳ್ಮೆಯಿಂದ ಹಿಡಿದಿಡುತ್ತಾರೆ ಎಂಬುದು ಎದುರಿಗೆ ನೋಡಿದಾಗ ಮನಸ್ಸಿಗೆ ನಾಟುತ್ತದೆ.

ಇನ್ನು ಹೊಟ್ಟೆಪಾಡಿನ ವಿಷಯ. ಬರೀ ಟೂರ್ನಿ ಬಹುಮಾನದಲ್ಲಿ ಬದುಕುವವರು ಮೇಲಿನ ಕೆಲವರು ಮಾತ್ರ. ತೈಲ ಕಂಪನಿಗಳು, ರೈಲ್ವೆ ಮುಂತಾದ ಸಂಸ್ಥೆಗಳು ಕ್ರೀಡಾ ಕೋಟಾದಲ್ಲಿ ಕೆಲಸ ಕೊಟ್ಟು ಅನೇಕ ಆಟಗಾರರನ್ನು ಕಾಪಾಡಿವೆ. ತರಬೇತಿಯೂ ಪೂರ್ಣಪ್ರಮಾಣದ ವೃತ್ತಿಯೇ. ಚೆನ್ನೈನ ಗ್ರ್ಯಾಂಡ್‌ಮಾಸ್ಟರ್ ಆರ್.ಬಿ. ರಮೇಶ್ ತಮ್ಮ ಆಟ ಬದಿಗಿಟ್ಟು 2008ರಲ್ಲಿ ಚೆಸ್ ಗುರುಕುಲ ತೆರೆದರು, ಗ್ರ್ಯಾಂಡ್‌ಮಾಸ್ಟರ್ ಪ್ರಗ್ನಾನಂದ ಅವರಂಥವರನ್ನು ತಿದ್ದಿ ಬೆಳೆಸಿದರು. ದೊಡ್ಡ ಆಟಗಾರರ ಸಿದ್ಧತೆಗೆ ನೆರವಾಗುವ ಕೆಲಸವೂ ಇದೆ. ಕೋಲ್ಕತ್ತದ ಸೂರ್ಯಶೇಖರ ಗಂಗೂಲಿ ವಿಶ್ವ ಚಾಂಪಿಯನ್‌ಷಿಪ್ ಪಂದ್ಯಗಳಿಗೆ ವಿಶ್ವನಾಥನ್ ಆನಂದ್ ಅವರ ಸಹಾಯಕರಾಗಿ ದುಡಿದರು. 2006ರಲ್ಲಿ ಹದಿಮೂರನೇ ವಯಸ್ಸಿಗೇ ಗ್ರ್ಯಾಂಡ್‌ಮಾಸ್ಟರ್ ಆದ ದೆಹಲಿಯ ಪರಿಮಾರ್ಜನ್ ನೇಗಿ ಮುಂದೆ ಸ್ಟ್ಯಾನ್‌ಫರ್ಡ್‌ನಲ್ಲಿ ಓದಲು ಹೋದರು. ಅವರ ಪಟ್ಟ ಅವರೊಂದಿಗೇ ಉಳಿಯಿತು, ಓದೂ ಕೈಗೂಡಿತು.

ಆದ್ದರಿಂದ ಶಾಲೆ ಬಿಡುವ ನಿರ್ಧಾರ ಅವಸರದ್ದಾಗಬಾರದು. ರೇಟಿಂಗ್ ಎಲ್ಲಿದೆ, ವರ್ಷಕ್ಕೆ ಎಷ್ಟು ಏರಿದೆ, ಎಷ್ಟು ನಾರ್ಮ್ ಬಾಕಿ, ಒಂದು ವಿದೇಶ ಪ್ರವಾಸಕ್ಕೆ ಮನೆಯವರು ಎಷ್ಟು ಹೊಂದಿಸಬಲ್ಲರು, ಇವನ್ನು ಅಪ್ಪ, ಅಮ್ಮ, ಕೋಚ್ ಮೂವರೂ ಕೂತು ಕಾಗದದ ಮೇಲೆ ಬರೆದು ನೋಡಬೇಕು. ಸೋತ ಆಟಗಳನ್ನು ಅದೇ ವಾರದಲ್ಲಿ ಬಿಡಿಸಿ ನೋಡುವುದು, ಕಂಪ್ಯೂಟರ್ ತೆರೆಯುವ ಮೊದಲು ತಪ್ಪು ನಡೆಯನ್ನು ತಾವೇ ಹುಡುಕುವುದು, ಓಪನಿಂಗ್‌ನಷ್ಟೇ ಎಂಡ್‌ಗೇಮ್‌ಗೂ ಸಮಯ ಕೊಡುವುದು, ಇಷ್ಟು ಅಭ್ಯಾಸಕ್ಕೆ ಹಣ ಬೇಡ. ಬಾಕ್ರೆ ಇಪ್ಪತ್ತಮೂರರ ಆಸುಪಾಸಿನಲ್ಲಿ ಪಟ್ಟಕ್ಕೇರಿದರು, ತೇಜಕುಮಾರ್ ನೌಕರಿ ಮಾಡುತ್ತ ಮೂವತ್ತೈದರ ಮೇಲೆ. ಇಬ್ಬರಿಗೂ ಸಿಕ್ಕಿದ್ದು ಒಂದೇ ಪಟ್ಟ. ಓದು ಅಥವಾ ಕೆಲಸ ಜೊತೆಗಿಟ್ಟುಕೊಂಡು ಆಡುವವರಿಗೂ ಅದು ತೆರೆದೇ ಇದೆ.