ಕುರ್ಚಿಗೆ ಕಲೆಯ ಪಾಠ: ಒಳ್ಳೆಯ ನಿರ್ಧಾರಕ್ಕೆ ಹತ್ತು ಸೂತ್ರಗಳು

ಸಿಂಧನೂರಿನಿಂದ ಲಿಂಗಸುಗೂರಿಗೆ ಹೊರಟರೆ ನಡುವೆ ಸಿಗುವುದು ಮಸ್ಕಿ. ಈ ಮೂರು ತಾಲ್ಲೂಕುಗಳಲ್ಲಿ ತುಂಗಭದ್ರಾ ಎಡದಂಡೆ ನಾಲೆಯ ಎಂಜಿನಿಯರ್, ಹಟ್ಟಿ ಗಣಿಯ ಶಿಫ್ಟ್ ಅಧಿಕಾರಿ, ಎಪಿಎಂಸಿಯ ವರ್ತಕ, ತಾಲ್ಲೂಕು ಆಸ್ಪತ್ರೆಯ ವೈದ್ಯೆ, ಪಿಡಿಒ, ಮುಖ್ಯಶಿಕ್ಷಕ, ಬ್ಯಾಂಕ್ ಮ್ಯಾನೇಜರ್ ಎಲ್ಲರೂ ದಿನವಿಡೀ ನಿರ್ಧಾರ ಮಾಡುತ್ತಲೇ ಇರುತ್ತಾರೆ. ನಿಯಮದ ಪುಸ್ತಕ ಎಲ್ಲರ ಮೇಜಿನ ಮೇಲೂ ಇದೆ. ಪುಸ್ತಕದಲ್ಲಿಲ್ಲದ ಸಂದರ್ಭ ಎದುರಾದಾಗ ಬೇಕಾಗುವುದು ವಿವೇಚನೆ. ಅದು ಸುತ್ತೋಲೆ ಓದಿ ಬರುವಂಥದ್ದಲ್ಲ. ನೋಡಿ, ಕೇಳಿ, ಪಾತ್ರ ಹಾಕಿ, ಬರೆದು ಪಳಗಬೇಕು.

ಜಗತ್ತು ಇದನ್ನು ಕಂಡುಕೊಂಡಿದೆ. ಅಮೆರಿಕದ ಸ್ಟಾನ್‌ಫೋರ್ಡ್ ವಿಶ್ವವಿದ್ಯಾಲಯದಲ್ಲಿ ಜೇಮ್ಸ್ ಮಾರ್ಚ್ ಅವರು ನಾಯಕತ್ವದ ಪಾಠಕ್ಕೆ ಆರಿಸಿಕೊಂಡದ್ದು ‘ಯುದ್ಧ ಮತ್ತು ಶಾಂತಿ’, ‘ಡಾನ್ ಕ್ವಿಕ್ಸೋಟ್’, ‘ಒಥೆಲೊ’ ಕೃತಿಗಳನ್ನು. ನಮಗೆ ಅಷ್ಟು ದೂರ ಹೋಗುವ ಅಗತ್ಯವೂ ಇಲ್ಲ. ಶಾಸನ, ಬಂಡೆಚಿತ್ರ, ಮೊಹರಂ ಪದ, ಜಾತ್ರೆಯ ನಾಟಕ ಎಲ್ಲವೂ ನಮ್ಮ ಊರಿನಲ್ಲೇ ಇವೆ. ಅವುಗಳಿಂದ ಕೆಲಸ ಕಲಿಯುವ ಬಗೆ ಇಲ್ಲಿದೆ.

1. ಮೊದಲು ಕಂಡದ್ದು ಹೇಳಿ, ಆಮೇಲೆ ಅನಿಸಿದ್ದು

ಯೇಲ್ ವೈದ್ಯಕೀಯ ವಿದ್ಯಾಲಯದ ಚರ್ಮರೋಗ ತಜ್ಞ ಇರ್ವಿನ್ ಬ್ರೇವರ್‌ಮನ್ ತಮ್ಮ ವಿದ್ಯಾರ್ಥಿಗಳನ್ನು ಚಿತ್ರಶಾಲೆಗೆ ಕರೆದೊಯ್ದು ವರ್ಣಚಿತ್ರಗಳ ಮುಂದೆ ನಿಲ್ಲಿಸಿದರು. ಅರ್ಥ ಹೇಳುವ ಮೊದಲು ಕಣ್ಣಿಗೆ ಬಿದ್ದದ್ದನ್ನೆಲ್ಲ ವರ್ಣಿಸಬೇಕು, ಅಷ್ಟೇ ಶರತ್ತು. 2001ರಲ್ಲಿ ‘ಜಾಮಾ’ ಪತ್ರಿಕೆಯಲ್ಲಿ ಫಲಿತಾಂಶ ಪ್ರಕಟವಾಯಿತು. ಹೀಗೆ ಪಳಗಿದವರು ರೋಗಿಗಳ ಫೋಟೊಗಳಲ್ಲಿ ಉಳಿದವರಿಗಿಂತ ಹೆಚ್ಚು ವಿವರಗಳನ್ನು ಗುರುತಿಸಿದ್ದರು.

ನಮ್ಮ ಚಿತ್ರಶಾಲೆ ಮುದಗಲ್ ಸಮೀಪದ ಪಿಕಳಿಹಾಳ. ನವಶಿಲಾಯುಗದ ಈ ನೆಲೆಯನ್ನು ಪುರಾತತ್ವಜ್ಞ ಎಫ್.ಆರ್. ಆಲ್ಚಿನ್ ಅಗೆದು ಅಧ್ಯಯನ ಮಾಡಿ 1960ರಲ್ಲಿ ವರದಿ ಪ್ರಕಟಿಸಿದರು. ಅಲ್ಲಿನ ಬಂಡೆಗಳ ಮೇಲೆ ಕುಟ್ಟಿ ಮೂಡಿಸಿದ ದನಗಳಿವೆ. ಒಂದು ಕಾಲದವರ ಚಿತ್ರದ ಮೇಲೆ ಇನ್ನೊಂದು ಕಾಲದವರ ಚಿತ್ರ ಕೂತಿದೆ.

ಮಾಡಿ ನೋಡಿ: ತಂಡದೊಂದಿಗೆ ಒಂದೇ ಬಂಡೆಯ ಮುಂದೆ ಹತ್ತು ನಿಮಿಷ ನಿಲ್ಲಿ. ಅಬಿಗೇಲ್ ಹೌಸೆನ್ ಮತ್ತು ಫಿಲಿಪ್ ಯೆನವೈನ್ ರೂಪಿಸಿದ ಕ್ರಮದಲ್ಲಿ ಮೂರೇ ಪ್ರಶ್ನೆ ಕೇಳಿ. ಇಲ್ಲಿ ಏನು ನಡೆಯುತ್ತಿದೆ? ಏನನ್ನು ನೋಡಿ ಹಾಗೆ ಹೇಳಿದಿರಿ? ಇನ್ನೇನು ಕಾಣುತ್ತದೆ? ಮರುದಿನ ಅದೇ ಮೂರು ಪ್ರಶ್ನೆಗಳನ್ನು ಒಂದು ದೂರು ಅರ್ಜಿಗೆ ಹಾಕಿ. ಬಂಡೆಯನ್ನು ಮಾತ್ರ ಮುಟ್ಟಬೇಡಿ, ಸೀಮೆಸುಣ್ಣದಿಂದ ತಿದ್ದಬೇಡಿ.

2. ಸಾಕ್ಷಿ ಸಿಗುವ ತನಕ ಊಹೆಯನ್ನು ಊಹೆಯೆಂದೇ ಕರೆಯಿರಿ

1837ರಲ್ಲಿ ಜೇಮ್ಸ್ ಪ್ರಿನ್ಸೆಪ್ ಬ್ರಾಹ್ಮಿ ಲಿಪಿಯನ್ನು ಓದಿದರು. ಶಾಸನಗಳಲ್ಲಿದ್ದ ಹೆಸರು ಪ್ರಿಯದರ್ಶಿ. ಆತ ಸಿಂಹಳದ ಅರಸನಿರಬೇಕು ಎಂಬುದು ಅವರ ಮೊದಲ ಎಣಿಕೆ. ಸಿಂಹಳದ ಪಾಲಿ ಗ್ರಂಥಗಳನ್ನು ಬಲ್ಲ ಜಾರ್ಜ್ ಟರ್ನರ್, ಆತ ಅಶೋಕನೇ ಎಂದು ತೋರಿಸಿದಾಗ ಪ್ರಿನ್ಸೆಪ್ ಒಪ್ಪಿಕೊಂಡರು. ಆದರೂ ಅಶೋಕ ಎಂಬ ಹೆಸರೇ ಇರುವ, ಆತನದೇ ಶಾಸನ ಸಿಕ್ಕಿರಲಿಲ್ಲ. 1915ರಲ್ಲಿ ಚಿನ್ನದ ಗಣಿಯ ಎಂಜಿನಿಯರ್ ಸಿ. ಬೀಡನ್ ಮಸ್ಕಿಯ ಬಂಡೆಯೊಂದರ ಮೇಲೆ ಅಕ್ಷರಗಳನ್ನು ಗಮನಿಸಿದರು. ದೇವಾನಾಂಪ್ರಿಯ ಎಂಬ ಬಿರುದಿನ ಜೊತೆಗೇ ಅಶೋಕನ ಹೆಸರು ಅಲ್ಲಿತ್ತು. ಊಹೆಗೂ ಸಾಕ್ಷಿಗೂ ನಡುವೆ 78 ವರ್ಷ!

ಮಾಡಿ ನೋಡಿ: ಮುಂದಿನ ದೊಡ್ಡ ಕಡತಕ್ಕೆ ಹಾಳೆಯನ್ನು ಎರಡು ಕಾಲಂ ಮಾಡಿ. ಒಂದರಲ್ಲಿ ಗೊತ್ತಿರುವುದು, ಇನ್ನೊಂದರಲ್ಲಿ ಅಂದುಕೊಂಡದ್ದು. ಎರಡನೆಯ ಕಾಲಂ ಉದ್ದವಾಗಿದ್ದರೆ ಸಹಿ ಹಾಕುವುದನ್ನು ಒಂದು ದಿನ ಮುಂದಕ್ಕೆ ಹಾಕಿ.

3. ಮೇಲಿನವರಿಗೂ ಕೆಳಗಿನವರಿಗೂ ಒಂದೇ ಮಾತು ಬರೆಯಿರಿ

ಅದೇ ಮಸ್ಕಿ ಶಾಸನವನ್ನು ನಾಯಕನೊಬ್ಬನ ಸುತ್ತೋಲೆಯೆಂದು ಓದಿ. ಅಶೋಕ ಮೊದಲು ತನ್ನ ವಿಷಯ ಹೇಳುತ್ತಾನೆ: ತಾನು ಬುದ್ಧನ ಅನುಯಾಯಿಯಾಗಿ ಎರಡೂವರೆ ವರ್ಷ ದಾಟಿದೆ, ಸಂಘದ ಸಂಪರ್ಕಕ್ಕೆ ಬಂದ ಮೇಲೆ ಶ್ರದ್ಧೆ ಹೆಚ್ಚಿದೆ. ಆಮೇಲೆ, ಈ ಗುರಿ ದೊಡ್ಡವರಿಗಷ್ಟೇ ಅಲ್ಲ, ಧರ್ಮದಲ್ಲಿ ನಡೆಯುವ ಸಣ್ಣವನಿಗೂ ಸಾಧ್ಯ ಎನ್ನುತ್ತಾನೆ. ಇದನ್ನು ಇಬ್ಬರಿಗೂ ತಿಳಿಸಿ ಎಂದು ಸೂಚಿಸುತ್ತಾನೆ. ಕೆಲವೇ ಸಾಲು, ಬಂಡೆಯ ಮೇಲೆ, ಪ್ರಾಕೃತ ಭಾಷೆಯಲ್ಲಿ.

ಮಾಡಿ ನೋಡಿ: ನಿಮ್ಮ ಮುಂದಿನ ಆದೇಶವನ್ನು ಎಂಟು ಸಾಲಿಗೆ ಇಳಿಸಿ. ಕಚೇರಿಯ ಜವಾನರಿಗೆ ಓದಿ ಹೇಳಿ, ಅವರಿಗೆ ತಿಳಿದದ್ದನ್ನು ಅವರ ಮಾತಿನಲ್ಲೇ ಕೇಳಿ. ತಪ್ಪಿದ್ದರೆ ತಿದ್ದಬೇಕಾದದ್ದು ಆದೇಶವನ್ನು.

4. ಎದುರಿಗಿರುವವರ ಪಾತ್ರ ಹಾಕಿ

ಬ್ರೆಜಿಲ್‌ನ ಅಗಸ್ಟೊ ಬೋಅಲ್ ಕಟ್ಟಿದ ಫೋರಂ ರಂಗಭೂಮಿಯ ರೀತಿ ಸರಳ. ಕೆಟ್ಟದಾಗಿ ಮುಗಿಯುವ ಒಂದು ಪ್ರಸಂಗವನ್ನು ಆಡುತ್ತಾರೆ. ಎರಡನೇ ಸಲ ಆಡುವಾಗ ಪ್ರೇಕ್ಷಕರು ‘ನಿಲ್ಲಿಸಿ’ ಎಂದು ಎದ್ದು ಬಂದು ಪಾತ್ರ ವಹಿಸಿಕೊಳ್ಳಬಹುದು, ಕಥೆಯನ್ನು ಬೇರೆ ಕಡೆಗೆ ತಿರುಗಿಸಬಹುದು. ಪಶ್ಚಿಮ ಬಂಗಾಳದ ಹಳ್ಳಿಗಳಲ್ಲಿ, 1985ರಲ್ಲಿ ಹುಟ್ಟಿದ ‘ಜನ ಸಂಸ್ಕೃತಿ’ ತಂಡ ಇದನ್ನು ಮಾಡುತ್ತಿದೆ.

ಸಿಂಧನೂರಿನಲ್ಲಿ ಇದಕ್ಕೆ ವಸ್ತು ಹುಡುಕಬೇಕಿಲ್ಲ. ತುಂಗಭದ್ರಾ ಎಡದಂಡೆಯ ನೀರಿದೆ. 2024ರ ಆಗಸ್ಟ್ 10ರ ರಾತ್ರಿ ಜಲಾಶಯದ 19ನೇ ಕ್ರಸ್ಟ್ ಗೇಟ್ ಕೊಚ್ಚಿಹೋದಾಗ ಭತ್ತ ನಾಟಿ ಮಾಡಿದವರ ಎದೆ ನಡುಗಿತ್ತು. ನೀರು ತುಂಬಿದ ವರ್ಷದಲ್ಲೂ ಮೇಲ್ಭಾಗದವರು ಭತ್ತಕ್ಕೆ ನೀರು ಕಟ್ಟಿಕೊಂಡರು, ನಮಗೆ ಬರಲಿಲ್ಲ ಎಂಬುದು ಕೊನೆಭಾಗದ ರೈತರ ಅಳಲು. ಮೇಲ್ಭಾಗದವರ ಬಳಿಯೂ ಸಾಲದ ಲೆಕ್ಕವಿದೆ.

ಮಾಡಿ ನೋಡಿ: ನಾಲೆಯ ಎಇಇ (ಸಹಾಯಕ ಕಾರ್ಯನಿರ್ವಾಹಕ ಎಂಜಿನಿಯರ್) ಕೊನೆಭಾಗದ ರೈತನಾಗಲಿ. ಕೊನೆಭಾಗದ ರೈತ ಗೇಜ್ ಕಾಯುವ ಗ್ಯಾಂಗ್‌ಮನ್ ಆಗಲಿ. ಮೇಲ್ಭಾಗದವರು ಎಇಇ ಕುರ್ಚಿಯಲ್ಲಿ ಕೂರಲಿ. ರಾತ್ರಿ ತೂಬಿನ ಬಳಿ ಜಗಳವಾಗಿದೆ, ಫೋನ್ ಬರುತ್ತಿದೆ, ಇಪ್ಪತ್ತು ಜನ ನಿಂತಿದ್ದಾರೆ. ಹತ್ತೇ ನಿಮಿಷ ಆಡಿ. ಗ್ಯಾಂಗ್‌ಮನ್ ಆದವನ ಕೈಯಲ್ಲಿ ಟಾರ್ಚ್ ಒಂದೇ ಇರುತ್ತದೆ, ಅಧಿಕಾರ ಇರುವುದಿಲ್ಲ. ಅದು ತಿಳಿಯಬೇಕಾದರೆ ಅಲ್ಲಿ ನಿಲ್ಲಲೇಬೇಕು. ಆಟ ಮುಗಿದ ಮೇಲೆ ಒಂದೇ ಪ್ರಶ್ನೆ ಕೇಳಿ: ಯಾವ ಮಾತಿನಲ್ಲಿ ಸಿಟ್ಟು ಇಳಿಯಿತು? ಆ ಮಾತು ನಾಳೆಯ ಸಭೆಗೆ ಬೇಕು.

5. ನಿಮ್ಮ ವಾದಕ್ಕೆ ವಿರುದ್ಧ ವಾದವನ್ನೂ ಕಟ್ಟಿ

ಕೃಷ್ಣೆಯ ಆಚೆ, ವಿಜಯಪುರ-ಬಾಗಲಕೋಟೆ ಸೀಮೆಯ ಗೀಗೀ ಮೇಳಗಳಲ್ಲಿ ಹರದೇಶಿಯವರು ಗಂಡು ಹೆಚ್ಚು ಎಂದು ಹಾಡಿದರೆ, ನಾಗೇಶಿಯವರು ಹೆಣ್ಣೇ ಹೆಚ್ಚು ಎಂದು ಹಾಡುತ್ತಾರೆ. ಸವಾಲಿಗೆ ಜವಾಬು ಕೊಡಬೇಕಾದರೆ ಎದುರು ಮೇಳದ ವಾದವನ್ನು ಅವರಷ್ಟೇ ಚೆನ್ನಾಗಿ ಬಲ್ಲವರಾಗಿರಬೇಕು.

ಮಾಡಿ ನೋಡಿ: ಹೊಸ ಶಾಖೆ, ಹೊಸ ಯಂತ್ರ, ಹೊಸ ನೇಮಕ ಯಾವುದೇ ಇರಲಿ, ಬೇಕು ಎನ್ನುವವರಿಂದಲೇ ‘ಬೇಡ’ ಎಂಬ ಪಕ್ಷ ವಾದ ಮಾಡಿಸಿ. ಐದು ನಿಮಿಷ, ಮನಸ್ಸಿಟ್ಟು. ಹೊಗಳುಭಟ್ಟರ ನಡುವೆ ಅಡಗಿದ್ದ ಅಪಾಯ ಆಗ ಹೊರಗೆ ಬರುತ್ತದೆ.

6. ಹಿಮ್ಮೇಳ ಹಾಕಲು ಕಲಿಯಿರಿ

ಮುದಗಲ್ ಮೊಹರಂ ನೋಡಲು ಜಾತಿ-ಮತ ನೋಡದೆ ಜನ ಸೇರುತ್ತಾರೆ. ಈ ಭಾಗದ ಊರೂರಲ್ಲಿ ಮೊಹರಂ ದಿನಗಳಲ್ಲಿ ಕನ್ನಡದ ರಿವಾಯತ್ ಪದಗಳು ಕೇಳುತ್ತವೆ. ಮುಂದಾಳು ಸಾಲು ಎತ್ತುತ್ತಾನೆ, ಹಿಮ್ಮೇಳ ಅದನ್ನು ಹೊತ್ತುಕೊಳ್ಳುತ್ತದೆ. ಹೆಜ್ಜೆ ಮೇಳದಲ್ಲಿ ಒಬ್ಬ ಅವಸರಿಸಿದರೆ ಇಡೀ ಸಾಲು ಕೆಡುತ್ತದೆ. ಮುಂದೆ ಹಾಡುವವನು ಹಿಂದಿನವರ ಉಸಿರನ್ನು ಅಳೆದೇ ಮುಂದಿನ ಸಾಲು ಎತ್ತುತ್ತಾನೆ. ತತ್ವಪದದ ಭಜನೆಯಲ್ಲೂ ಇದೇ ಶಿಸ್ತು.

ಮಾಡಿ ನೋಡಿ: ಭಜನೆಯಲ್ಲಿ ಹಿಂದೆ ಕುಳಿತು ಹಾಡಿ. ಕಚೇರಿ ಸಭೆಯಲ್ಲಿ ಕಿರಿಯರು ಮೊದಲು ಮಾತನಾಡಲಿ, ನೀವು ಕೊನೆಗೆ. ಸಾಹೇಬರು ಮೊದಲು ಬಾಯಿ ತೆರೆದರೆ ಉಳಿದವರೆಲ್ಲ ಹೌದಪ್ಪಗಳಾಗುತ್ತಾರೆ.

7. ಕಷ್ಟದ ಮಾತಿಗೆ ತಾಲೀಮು ಮಾಡಿ

ಜಾತ್ರೆಗೆ ನಾಟಕ ಮಾಡುವ ಊರಿಗೆ ಸಂಜೆ ಹೋಗಿ ನೋಡಿ. ಹೊಲದ ಕೆಲಸ ಮುಗಿಸಿ ಬಂದ ಹುಡುಗರು ಗುಡಿಯ ಕಟ್ಟೆಯ ಮೇಲೆ ಸೇರಿರುತ್ತಾರೆ. ಪೇಟಿ ಮಾಸ್ತರು ಒಂದೇ ಮಾತನ್ನು ಮತ್ತೆ ಮತ್ತೆ ಹೇಳಿಸುತ್ತಾರೆ. ದನಿ ಎಲ್ಲಿ ಏರಬೇಕು, ಎಲ್ಲಿ ನಿಲ್ಲಬೇಕು, ಎದುರಿನ ಪಾತ್ರದ ಮಾತು ಮುಗಿಯುವ ತನಕ ಹೇಗೆ ಕಾಯಬೇಕು ಎಂದು ತೋರಿಸುತ್ತಾರೆ. ಖಳನ ಪಾತ್ರ ಮಾಡುವವನಿಗೂ ಅಷ್ಟೇ ಅಕ್ಕರೆಯ ತಿದ್ದುಪಡಿ. ಎಲ್ಲರ ಮುಂದೆ ತಿದ್ದಿದರೂ ಯಾರಿಗೂ ಅವಮಾನವಾಗುವುದಿಲ್ಲ, ಏಕೆಂದರೆ ತಿದ್ದುವುದು ನಾಟಕವನ್ನು.

ಕೆಲಸದ ಜಾಗದಲ್ಲಿ ನಾವು ಅತಿ ಕಷ್ಟದ ಮಾತುಗಳನ್ನು ತಾಲೀಮಿಲ್ಲದೆ ಆಡಿಬಿಡುತ್ತೇವೆ. ರೋಗಿ ತೀರಿಹೋದದ್ದನ್ನು ಮನೆಯವರಿಗೆ ತಿಳಿಸುವುದು, ಸಾಲ ಇಲ್ಲವೆನ್ನುವುದು, ಹಳೆಯ ನೌಕರರ ತಪ್ಪನ್ನು ಎತ್ತಿ ಹೇಳುವುದು.

ಮಾಡಿ ನೋಡಿ: ಇಂಥ ಮಾತಿಗೆ ಮುನ್ನ ಸಹೋದ್ಯೋಗಿಯನ್ನು ಎದುರು ಕೂರಿಸಿ ಮೂರು ಸಲ ಆಡಿ. ಮೂರನೆಯ ಸಲ ನಿಮ್ಮ ಮಾತು ಕಡಿಮೆಯಾಗಿರುತ್ತದೆ, ಕೇಳುವುದು ಹೆಚ್ಚಾಗಿರುತ್ತದೆ.

8. ತಿಳಿಯದ ಭಾಷೆಯ ಕಲೆಗೆ ಹೋಗಿ ಕುಳಿತುಕೊಳ್ಳಿ

ಸಿಂಧನೂರು ಸುತ್ತಲಿನ ಆರ್.ಎಚ್. (ಪುನರ್ವಸತಿ) ಕ್ಯಾಂಪ್‌ಗಳಲ್ಲಿ ಅಂದಿನ ಪೂರ್ವ ಪಾಕಿಸ್ತಾನದಿಂದ ಬಂದ ಬಂಗಾಳಿ ಕುಟುಂಬಗಳಿವೆ, ದುರ್ಗಾಪೂಜೆ ನಡೆಯುತ್ತದೆ. ನಾಲೆಯ ನೀರಿನ ಹಿಂದೆ ಆಂಧ್ರದಿಂದ ಬಂದವರ ಕ್ಯಾಂಪ್‌ಗಳಿವೆ. ಲಿಂಗಸುಗೂರು ಕಡೆ ಲಂಬಾಣಿ ತಾಂಡಾಗಳಿವೆ. ಇವರೆಲ್ಲರೂ ನಿಮ್ಮ ಗ್ರಾಹಕರು, ರೋಗಿಗಳು, ಪೋಷಕರು.

ಮಾಡಿ ನೋಡಿ: ಅವರ ಹಬ್ಬದ ಹಾಡಿಗೆ ಹೋಗಿ ಪೂರ್ತಿ ಕೇಳಿ. ಮಾತು ತಿಳಿಯದಾಗ ಕಿವಿ ದನಿಯನ್ನೂ, ಕಣ್ಣು ಮುಖವನ್ನೂ ಓದಲು ಕಲಿಯುತ್ತವೆ. ಕೌಂಟರ್ ಮುಂದೆ ನಿಂತು ಕನ್ನಡದಲ್ಲಿ ತಡವರಿಸುವ ಅಜ್ಜಿಗೆ ಆ ಕಲಿಕೆಯೇ ಸಲ್ಲುತ್ತದೆ.

9. ವರದಿಯ ಪಕ್ಕದಲ್ಲಿ ಒಂದು ಕಥೆ ಬರೆಯಿರಿ

ನ್ಯೂಯಾರ್ಕ್‌ನ ಕೊಲಂಬಿಯಾ ವಿಶ್ವವಿದ್ಯಾಲಯದ ವೈದ್ಯೆ ರೀಟಾ ಶರೋನ್ ತಮ್ಮ ವಿದ್ಯಾರ್ಥಿಗಳಿಂದ ಆಸ್ಪತ್ರೆಯ ದಾಖಲೆಯ ಜೊತೆಗೆ ಇನ್ನೊಂದು ಬರಹ ಬರೆಸುತ್ತಿದ್ದರು. ದಾಖಲೆಗೆ ಸೇರದ, ಆದರೆ ಎಲ್ಲಾದರೂ ಬರೆದಿಡಲೇಬೇಕಾದ ಸಂಗತಿಗಳು ಅದರಲ್ಲಿ ಇರುತ್ತಿದ್ದವು.

ಹಟ್ಟಿಯಂಥ ಆಳದ ಗಣಿಯಲ್ಲಿ, ರೈಸ್ ಮಿಲ್ಲಿನಲ್ಲಿ, ವಿದ್ಯುತ್ ಲೈನಿನ ಕೆಲಸದಲ್ಲಿ ಇದು ಜೀವದ ಪ್ರಶ್ನೆ. ಕೂದಲೆಳೆಯಲ್ಲಿ ತಪ್ಪಿದ ಅಪಘಾತ ವರದಿಯಲ್ಲಿ ಒಂದು ಸಾಲಾಗಿ ಮುಗಿದುಹೋಗುತ್ತದೆ. ಕಥೆಯಾಗಿ ಹೇಳಿದರೆ ಯಾರು ಏನು ನೋಡಿದರು, ಯಾರು ಹೇಳಲು ಹಿಂಜರಿದರು ಎಂಬುದು ಹೊರಬರುತ್ತದೆ.

ಮಾಡಿ ನೋಡಿ: ವಾರಕ್ಕೊಮ್ಮೆ ಹತ್ತು ಸಾಲು. ಕಥೆಯೊಳಗಿನ ‘ನಾನು’ ನೀವಲ್ಲ, ನಿಮ್ಮ ಕೈಕೆಳಗಿನ ಕೆಲಸಗಾರ. ಶಿಫ್ಟ್ ಬದಲಾಗುವಾಗ ಹೆಸರು ತೆಗೆದು ಓದಿ.

10. ಬಳಗ ಕಟ್ಟಿ, ಫಲವನ್ನು ಅಳೆಯಿರಿ

ಸಾಗರ ತಾಲ್ಲೂಕಿನ ಹೆಗ್ಗೋಡು ದೊಡ್ಡ ಊರೇನಲ್ಲ. ಅಲ್ಲಿ 1949ರಲ್ಲಿ ಹುಟ್ಟಿದ ನೀನಾಸಂ, ನಾಟಕ ಮತ್ತು ಸಿನಿಮಾದ ಮುಂದೆ ಅಡಿಕೆ ಬೆಳೆಗಾರರನ್ನೂ ಮೇಷ್ಟ್ರುಗಳನ್ನೂ ಒಟ್ಟಿಗೆ ಕೂರಿಸಿತು. ಅದರ ಸಂಸ್ಕೃತಿ ಶಿಬಿರಗಳಲ್ಲಿ ಬೇರೆ ಬೇರೆ ವೃತ್ತಿಯವರು ನೋಡಿದ್ದನ್ನು ಚರ್ಚಿಸುತ್ತಾರೆ. ಅದನ್ನು ಕಟ್ಟಿ ಬೆಳೆಸಿದ ಕೆ.ವಿ. ಸುಬ್ಬಣ್ಣ ಅವರಿಗೆ 1991ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ ಬಂತು. ಅಲ್ಲಿ ಆದದ್ದು ನಮ್ಮಲ್ಲೂ ಆದೀತು. ಎಂಜಿನಿಯರ್, ನರ್ಸ್, ರೈತ, ವರ್ತಕ, ಶಿಕ್ಷಕಿ ಹೀಗೆ ಎಂಟು ಜನ ಸೇರಿದರೂ ಸಾಕು. ತಿಂಗಳಿಗೊಂದು ಸಂಜೆ, ಸರದಿಯಂತೆ ಮೂರೂ ಊರು.

ಮಾಡಿ ನೋಡಿ: ಮೂರು ತಿಂಗಳ ಬಳಿಕ ಲೆಕ್ಕ ಹಾಕಿ. ಹಿಂಪಡೆಯಬೇಕಾದ ಆದೇಶಗಳು ಕಡಿಮೆಯಾದವೇ? ಸಭೆಯಲ್ಲಿ ಕಿರಿಯರು ‘ಇಲ್ಲ ಸರ್, ಅದು ಹಾಗಲ್ಲ’ ಎನ್ನತೊಡಗಿದರೇ? ಒಂದೇ ದೂರು ಮತ್ತೆ ಮತ್ತೆ ಬರುವುದು ನಿಂತಿತೇ? ಹೌದಾದರೆ ಮುಂದುವರಿಸಿ. ಇಲ್ಲವಾದರೆ ಸೂತ್ರ ಬದಲಿಸಿ, ಬಳಗ ಬಿಡಬೇಡಿ. ಕುರ್ಚಿಯಲ್ಲಿ ಕುಳಿತವರು ತಪ್ಪು ಮಾಡಿದರೆ ಅದರ ಬೆಲೆ ತೆರುವವರು ಕುರ್ಚಿಯ ಎದುರು ನಿಂತವರು. ಅವರ ಸಲುವಾಗಿಯಾದರೂ ಈ ಅಭ್ಯಾಸಕ್ಕೆ ಸಮಯ ಕೊಡಿ.