ಸರ್ಪಸುತ್ತು ಏಳುವ ಮೊದಲೇ: ಐವತ್ತು ದಾಟಿದವರಿಗೆ ಹತ್ತು ಸೂತ್ರಗಳು

ಸರ್ಪಸುತ್ತಿನಿಂದ ಸಾಯುವವರು ಬಹಳ ಕಡಿಮೆ. ಅದರಿಂದ ನರಳುವವರು ಬಹಳ ಹೆಚ್ಚು. ಬೆನ್ನಿನಿಂದ ಪಕ್ಕೆಗೆ ಬಳಸಿ ಬರುವ ಗುಳ್ಳೆಗಳು ಎರಡು ಮೂರು ವಾರದಲ್ಲಿ ಒಣಗಿ ಉದುರುತ್ತವೆ. ಉರಿ ಮಾತ್ರ ಕೆಲವರಲ್ಲಿ ತಿಂಗಳುಗಟ್ಟಲೆ, ವರ್ಷಗಟ್ಟಲೆ ಉಳಿದುಬಿಡುತ್ತದೆ. ಇದನ್ನು ತಡೆಯುವ ಒಳ್ಳೆಯ ಲಸಿಕೆ 2023ರಿಂದ ಭಾರತದಲ್ಲಿ ಸಿಗುತ್ತಿದೆ. ಹಿರಿಯರು ಇರುವ ಪ್ರತಿ ಮನೆಯಲ್ಲೂ ಈ ಮಾತು ಒಮ್ಮೆ ಬರಬೇಕು.

1. ಶತ್ರು ಎಲ್ಲಿದ್ದಾನೆ ಎಂದು ತಿಳಿಯಿರಿ

ಹೊರಗಲ್ಲ, ನಿಮ್ಮ ಮೈಯೊಳಗೇ ಇದ್ದಾನೆ. ಚಿಕ್ಕಂದಿನಲ್ಲಿ ‘ಅಮ್ಮ ಬಂದಿದೆ’ ಎಂದು ಬೇವಿನಸೊಪ್ಪು ಹಾಸಿ ಮಲಗಿಸಿದ್ದರಲ್ಲ, ಆ ಚಿಕನ್‌ಪಾಕ್ಸ್‌ನ ವೈರಸ್ ಮೈ ಬಿಟ್ಟು ಹೋಗುವುದಿಲ್ಲ. ಬೆನ್ನುಹುರಿಯ ಪಕ್ಕದ ನರಗಂಟುಗಳಲ್ಲಿ ಸೇರಿಕೊಂಡು ದಶಕಗಟ್ಟಲೆ ಸುಮ್ಮನಿರುತ್ತದೆ. ವಯಸ್ಸಾಗಿ ನಮ್ಮ ಕಾವಲು ಸಡಿಲಾದಾಗ ಯಾವುದೋ ಒಂದು ನರದ ಗುಂಟ ಚರ್ಮಕ್ಕೆ ಇಳಿದು ಬರುತ್ತದೆ. ಇದನ್ನು 1965ರಲ್ಲಿ ಸ್ಪಷ್ಟವಾಗಿ ವಿವರಿಸಿದವರು ದೊಡ್ಡ ಪ್ರಯೋಗಾಲಯದವರಲ್ಲ. ಇಂಗ್ಲೆಂಡಿನ ಸೈರನ್‌ಸೆಸ್ಟರ್ ಎಂಬ ಸಣ್ಣ ಊರಿನ ವೈದ್ಯ ಎಡ್ಗರ್ ಹೋಪ್-ಸಿಂಪ್ಸನ್, ತಮ್ಮಲ್ಲಿಗೆ ಬರುತ್ತಿದ್ದ ರೋಗಿಗಳ ವಿವರವನ್ನು ವರ್ಷಗಟ್ಟಲೆ ಬರೆದಿಟ್ಟು ಈ ತೀರ್ಮಾನಕ್ಕೆ ಬಂದರು. ಊರ ಡಾಕ್ಟರ ನೋಟ್‌ಬುಕ್ಕಿಗೆ ಎಷ್ಟು ಬೆಲೆಯಿದೆ ಎನ್ನುವುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

2. ‘ನನಗೆ ಅಮ್ಮ ಆಗಿದ್ದೇ ನೆನಪಿಲ್ಲ’ ಎಂದು ಸುಮ್ಮನಾಗಬೇಡಿ

ನೆನಪಿರದಷ್ಟು ಲಘುವಾಗಿ ಬಂದುಹೋಗಿರಬಹುದು. ಐವತ್ತು ದಾಟಿದ ಬಹುತೇಕರ ಮೈಯಲ್ಲಿ ಈ ವೈರಸ್ ಇದ್ದೇ ಇದೆ. ಲಸಿಕೆಗೆ ಮೊದಲು ಇದಕ್ಕಾಗಿ ರಕ್ತ ಪರೀಕ್ಷೆ ಮಾಡಿಸುವ ಅಗತ್ಯವಿಲ್ಲ.

3. ಯಾರಿಗೆ ಹೆಚ್ಚು ಲಾಭ, ಲೆಕ್ಕ ಹಾಕಿ

ಮೊದಲ ಲೆಕ್ಕ ವಯಸ್ಸಿನದು. ಐವತ್ತರ ನಂತರ ಸರ್ಪಸುತ್ತಿನ ಸಂಭವ ಏರುತ್ತದೆ, ಎಪ್ಪತ್ತು ದಾಟಿದವರಲ್ಲಿ ಅದರ ನಂತರದ ನೋವೂ ಹೆಚ್ಚು ಕಾಲ ಕಾಡುತ್ತದೆ. ಅಮೆರಿಕದಲ್ಲಿ ಪ್ರತಿ ಮೂವರಲ್ಲಿ ಒಬ್ಬರಿಗೆ ಬದುಕಿನಲ್ಲಿ ಒಮ್ಮೆ ಇದು ಬರುತ್ತದೆಂದು ಅಲ್ಲಿನ ಆರೋಗ್ಯ ಇಲಾಖೆಯ ಅಂದಾಜು.

ಎರಡನೆಯದು ಸಕ್ಕರೆ ಕಾಯಿಲೆ. ಭಾರತದಲ್ಲಿ ಹತ್ತು ಕೋಟಿಗೂ ಹೆಚ್ಚು ಜನರಿಗೆ ಅದಿದೆ ಎಂದು 2023ರಲ್ಲಿ ಪ್ರಕಟವಾದ ಐಸಿಎಂಆರ್ ಅಧ್ಯಯನ ಹೇಳಿತು. ಸಕ್ಕರೆ ಇದ್ದವರಿಗೆ ಸರ್ಪಸುತ್ತಿನ ಅಪಾಯ ಉಳಿದವರಿಗಿಂತ ಹೆಚ್ಚು. ನಮ್ಮ ದೇಶದ ಮಟ್ಟಿಗೆ ನನಗೆ ಅತಿ ಮುಖ್ಯ ಎನಿಸುವ ಗುಂಪು ಇದೇ.

ಮೂರನೆಯವರು ದೀರ್ಘಕಾಲದ ಶ್ವಾಸಕೋಶದ, ಮೂತ್ರಪಿಂಡದ ಕಾಯಿಲೆ ಇರುವವರು. ಸಂಧಿವಾತಕ್ಕೆ ಮೆಥೊಟ್ರೆಕ್ಸೇಟ್, ಟೊಫಾಸಿಟಿನಿಬ್‌ನಂಥ ಮಾತ್ರೆ ನುಂಗುವವರು, ಬಹುಕಾಲ ಸ್ಟಿರಾಯ್ಡ್ ತೆಗೆದುಕೊಳ್ಳುವವರು, ಕಿಡ್ನಿ ಕಸಿ ಆದವರು, ಕ್ಯಾನ್ಸರಿಗೆ ಕೀಮೋ ಪಡೆಯುವವರು ಇನ್ನೂ ಮುಂದಿನ ಸಾಲಿನಲ್ಲಿ ನಿಲ್ಲಬೇಕು. ಇವರಿಗೆ ಯಾವಾಗ ಕೊಟ್ಟರೆ ಒಳ್ಳೆಯದು ಎಂಬುದನ್ನು ಅವರ ತಜ್ಞ ವೈದ್ಯರೇ ಹೇಳಬೇಕು. ಸಾಧ್ಯವಾದರೆ ಅಂಥ ಔಷಧ ಶುರುವಾಗುವ ಮೊದಲೇ ಲಸಿಕೆ ಮುಗಿಸುವುದು ಮೇಲು. ಅಮೆರಿಕದಲ್ಲಿ ರೋಗನಿರೋಧಕ ಶಕ್ತಿ ಕುಂದಿದ 19 ವರ್ಷ ಮೇಲ್ಪಟ್ಟವರಿಗೂ ಇದನ್ನು ಶಿಫಾರಸು ಮಾಡಿದ್ದಾರೆ.

ಒಮ್ಮೆ ಸರ್ಪಸುತ್ತು ಬಂದು ಹೋದವರೂ ಪಟ್ಟಿಯಲ್ಲಿದ್ದಾರೆ. ಅದು ಮತ್ತೆ ಬರಬಹುದು. ಗುಳ್ಳೆ ಪೂರ್ತಿ ವಾಸಿಯಾದ ಮೇಲೆ ಹಾಕಿಸಿಕೊಳ್ಳಿ.

4. ನೋವಿನ ಲೆಕ್ಕ ಮರೆಯಬೇಡಿ

ಗುಳ್ಳೆ ಎದ್ದು ಮೂರು ತಿಂಗಳಾದರೂ ಹೋಗದ ನರನೋವು ನೂರರಲ್ಲಿ ಹತ್ತರಿಂದ ಹದಿನೆಂಟು ಜನರನ್ನು ಹಿಡಿಯುತ್ತದೆ. ರವಿಕೆ ತಾಗಿದರೆ ಉರಿ, ಫ್ಯಾನಿನ ಗಾಳಿ ಬಡಿದರೆ ಚಳಕು, ರಾತ್ರಿಯಿಡೀ ನಿದ್ದೆಯಿಲ್ಲ. ಮಾಮೂಲಿ ನೋವಿನ ಮಾತ್ರೆಗೆ ಇದು ಬಗ್ಗುವುದಿಲ್ಲ. ನರದ ನೋವಿಗೆ ಕೊಡುವ ಮಾತ್ರೆಗಳು ವಯಸ್ಸಾದವರಿಗೆ ತಲೆಸುತ್ತು, ಮಂಪರು ತರುತ್ತವೆ. ಅದರಿಂದ ಬಿದ್ದು ಮೂಳೆ ಮುರಿದುಕೊಳ್ಳುವ ಭಯ ಬೇರೆ. ಲಸಿಕೆಗೆ ಖರ್ಚು ಮಾಡುವುದು ಈ ನೋವನ್ನು ತಪ್ಪಿಸಲಿಕ್ಕೆ, ಗುಳ್ಳೆಯನ್ನಷ್ಟೇ ಅಲ್ಲ.

5. ಸರಿಯಾದ ಲಸಿಕೆ ಕೇಳಿ ಪಡೆಯಿರಿ

ಶಿಂಗ್ರಿಕ್ಸ್ ಎಂಬುದು ಅದರ ಹೆಸರು. ಇದರಲ್ಲಿ ಜೀವಂತ ವೈರಸ್ ಇಲ್ಲ; ವೈರಸ್‌ನ ಹೊರಮೈಯ ಒಂದು ಪ್ರೋಟೀನ್ ಮಾತ್ರ ಇದೆ. ಆದ್ದರಿಂದಲೇ ರೋಗನಿರೋಧಕ ಶಕ್ತಿ ಕಡಿಮೆ ಇರುವವರಿಗೂ ಕೊಡಬಹುದು. ಮೈಯ ಕಾವಲನ್ನು ಚುರುಕುಗೊಳಿಸಲು ಸೇರಿಸಿರುವ ಪದಾರ್ಥಗಳಲ್ಲಿ ಒಂದು ಚಿಲಿ ದೇಶದ ಕ್ವಿಲ್ಲಾಯಾ ಮರದ ತೊಗಟೆಯಿಂದ ಬಂದದ್ದು. ನಮ್ಮ ಅಂಟುವಾಳದಲ್ಲಿ ನೊರೆ ಬರಿಸುವ ಸಪೋನಿನ್‌ಗಳ ಜಾತಿಗೇ ಅದು ಸೇರಿದ್ದು.

ಇದರ ಬಲ ಎಷ್ಟು? ಐವತ್ತು ದಾಟಿದ ಹದಿನೈದು ಸಾವಿರಕ್ಕೂ ಹೆಚ್ಚು ಜನರ ಮೇಲೆ ನಡೆದ ಪರೀಕ್ಷೆಯಲ್ಲಿ ಶೇ 97ರಷ್ಟು ರಕ್ಷಣೆ ಕಂಡಿತು. ಎಪ್ಪತ್ತು ದಾಟಿದವರಲ್ಲೂ ಅದು ಶೇ 90ರ ಆಸುಪಾಸಿನಲ್ಲಿತ್ತು. ಹಿರಿಯರಲ್ಲಿ ಇಷ್ಟು ಚೆನ್ನಾಗಿ ಕೆಲಸ ಮಾಡುವ ಲಸಿಕೆ ಅಪರೂಪ. ಹನ್ನೊಂದು ವರ್ಷ ಕಳೆದ ಮೇಲೂ ರಕ್ಷಣೆ ಶೇ 80ರಷ್ಟು ಉಳಿದಿತ್ತು. ಮಕ್ಕಳಿಗೆ ಕೊಡುವ ಚಿಕನ್‌ಪಾಕ್ಸ್ ಲಸಿಕೆ ಬೇರೆ. ಇದರ ಬದಲು ಅದು ನಡೆಯುವುದಿಲ್ಲ.

6. ಎರಡೂ ಡೋಸಿಗೆ ಮೊದಲೇ ಹಣ ತೆಗೆದಿಡಿ

ಸರ್ಕಾರದ ಉಚಿತ ಲಸಿಕೆಗಳ ಪಟ್ಟಿಯಲ್ಲಿ ಇದಿಲ್ಲ, ಸ್ವಂತ ಖರ್ಚು. ಒಂದು ಡೋಸಿಗೆ ಹತ್ತು ಸಾವಿರ ರೂಪಾಯಿಯ ಆಸುಪಾಸು. ಪಿಂಚಣಿಯಲ್ಲಿ ಬದುಕುವವರಿಗೆ ಇದು ಭಾರವೇ. ಎಲ್ಲರಿಗೂ ಒಮ್ಮೆಲೇ ಆಗದಿದ್ದರೆ ಮನೆಯಲ್ಲಿ ಅಪಾಯ ಹೆಚ್ಚಿರುವವರಿಂದ ಶುರುಮಾಡಿ. ಮೊದಲನೆಯದು ಆಗಿ ಎರಡರಿಂದ ಆರು ತಿಂಗಳೊಳಗೆ ಎರಡನೆಯದು. ಕ್ಯಾಲೆಂಡರಿನಲ್ಲಿ ಅಂದೇ ಗುರುತು ಹಾಕಿ. ಆರು ತಿಂಗಳು ಮೀರಿತೇ? ಮೊದಲಿನಿಂದ ಆರಂಭಿಸಬೇಕಿಲ್ಲ, ಬೇಗ ಹೋಗಿ ಎರಡನೆಯದನ್ನು ಹಾಕಿಸಿಕೊಂಡು ಬನ್ನಿ.

7. ಮುಂದಿನ ಎರಡು ದಿನ ಖಾಲಿ ಇಟ್ಟುಕೊಳ್ಳಿ

ತೋಳು ನೋಯುತ್ತದೆ. ಮೈಕೈ ನೋವು, ಸುಸ್ತು, ಚಳಿಜ್ವರ ಬರಬಹುದು. ಸುಮಾರು ಆರು ಜನರಲ್ಲಿ ಒಬ್ಬರಿಗೆ ದಿನದ ಕೆಲಸ ಮಾಡಲಾಗದಷ್ಟು ಆಗುತ್ತದೆ. ಎರಡು ಮೂರು ದಿನದಲ್ಲಿ ತಾನೇ ಇಳಿಯುತ್ತದೆ. ಮದುವೆ, ಪ್ರಯಾಣ, ವ್ರತದ ಹಿಂದಿನ ದಿನ ಬೇಡ. ಮೊದಲ ಸಲ ಜ್ವರ ಬಂತೆಂದು ಎರಡನೆಯದನ್ನು ಕೈಬಿಡುವುದು ನಷ್ಟದ ವ್ಯಾಪಾರ.

8. ಯಾರು ತಡೆಯಬೇಕು

ಗುಳ್ಳೆ ಇರುವಾಗ, ಜೋರು ಜ್ವರದಲ್ಲಿ ಬೇಡ. ಹಿಂದಿನ ಡೋಸಿಗೆ ತೀವ್ರ ಅಲರ್ಜಿ ಆಗಿದ್ದರೆ ಬೇಡ. ಲಸಿಕೆಯ ನಂತರ ಗಿಲ್ಲಾಂ-ಬಾರೆ ಎಂಬ ನರದೌರ್ಬಲ್ಯದ ಕಾಯಿಲೆ ತೀರಾ ವಿರಳವಾಗಿ ಕಂಡಿದ್ದರಿಂದ 2021ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಎಚ್ಚರಿಕೆಯ ಸಾಲೊಂದನ್ನು ಸೇರಿಸಿತು. ಹಿಂದೆ ಆ ಕಾಯಿಲೆ ಬಂದಿದ್ದವರು ವೈದ್ಯರಿಗೆ ಮುಚ್ಚಿಡದೆ ಹೇಳಿ.

9. ಲಸಿಕೆಗೆ ಮೊದಲೇ ರೋಗ ಬಂದರೆ, 72 ಗಂಟೆ

ಮೈಯ ಒಂದೇ ಬದಿಯಲ್ಲಿ ಉರಿ, ಚುಚ್ಚು, ಆಮೇಲೆ ಗೊಂಚಲು ಗುಳ್ಳೆ ಎದ್ದರೆ ಅದೇ ದಿನ ಆಸ್ಪತ್ರೆಗೆ ಹೋಗಿ. ಎಸೈಕ್ಲೋವಿರ್, ವ್ಯಾಲಸೈಕ್ಲೋವಿರ್‌ನಂಥ ಔಷಧ ಗುಳ್ಳೆ ಎದ್ದ 72 ಗಂಟೆಯೊಳಗೆ ಶುರುವಾದರೆ ಹೆಚ್ಚು ಫಲ. ಕೆಮ್ಮಣ್ಣು ಬಳಿಸಿ, ಮಂತ್ರ ಹಾಕಿಸಿ ಕಾಯುವ ನಮ್ಮ ಹಳ್ಳಿಗಳ ರೂಢಿಯಲ್ಲಿ ಕಳೆದುಹೋಗುವುದು ಈ ಮೂರು ದಿನವೇ. ಪೂಜೆ ಮಾಡಿಸುವವರು ಮಾಡಿಸಲಿ, ಮಾತ್ರೆ ಮೊದಲು ಹೊಟ್ಟೆ ಸೇರಲಿ. ‘ತಲೆ ಬಾಲ ಕೂಡಿದರೆ ಸಾವು’ ಎಂಬ ಭಯವನ್ನಂತೂ ಬಿಡಿ. ಗುಳ್ಳೆ ಒಂದು ನರ ಹರಡಿರುವ ಜಾಗದಲ್ಲಷ್ಟೇ ಏಳುತ್ತದೆ, ಸಾಮಾನ್ಯವಾಗಿ ಮೈಯ ನಡುಗೆರೆ ದಾಟುವುದಿಲ್ಲ. ನಿಜವಾಗಿ ಹೆದರಬೇಕಾದದ್ದು ಹಣೆ, ಕಣ್ಣಿನ ಸುತ್ತ, ಮೂಗಿನ ತುದಿಯಲ್ಲಿ ಗುಳ್ಳೆ ಕಂಡಾಗ. ಅದು ಕಣ್ಣಿಗೆ ಇಳಿಯುವ ಸೂಚನೆ. ಅಂದೇ ಕಣ್ಣಿನ ವೈದ್ಯರಿಗೆ ತೋರಿಸಿ. ಗುಳ್ಳೆ ಒಣಗುವವರೆಗೆ ಬಟ್ಟೆ ಮುಚ್ಚಿರಿ. ಅದರ ನೀರು ತಾಗಿದರೆ ಚಿಕನ್‌ಪಾಕ್ಸ್ ಆಗದ ಹಸುಗೂಸಿಗೆ, ಬಸುರಿಗೆ ಚಿಕನ್‌ಪಾಕ್ಸ್ ಬರಬಹುದು.

10. ಮರೆವಿನ ಕಾಯಿಲೆಯ ಸುದ್ದಿಯನ್ನು ಹದವಾಗಿ ಕೇಳಿ

ವೇಲ್ಸ್‌ನಲ್ಲಿ 2013ರಲ್ಲಿ ಸರ್ಪಸುತ್ತಿನ ಹಳೆಯ ಬಗೆಯ ಲಸಿಕೆ ಕೊಡಲು ಶುರುಮಾಡಿದಾಗ 1933ರ ಸೆಪ್ಟೆಂಬರ್ 2ಕ್ಕಿಂತ ಮೊದಲು ಹುಟ್ಟಿದವರಿಗೆ ಕೊಡಲಿಲ್ಲ. ಒಂದೆರಡು ವಾರದ ಹಿಂದು ಮುಂದಿನಿಂದ ಕೆಲವರಿಗೆ ಸಿಕ್ಕಿತು, ಕೆಲವರಿಗೆ ತಪ್ಪಿತು. ಈ ಎರಡು ಗುಂಪನ್ನು ಹೋಲಿಸಿ ನೋಡಿದಾಗ ಲಸಿಕೆ ಪಡೆದವರಲ್ಲಿ ಏಳು ವರ್ಷದಲ್ಲಿ ಮರೆವಿನ ಕಾಯಿಲೆ (ಡಿಮೆನ್ಶಿಯಾ) ಸುಮಾರು ಐದರಲ್ಲಿ ಒಂದು ಪಾಲು ಕಡಿಮೆ ಇತ್ತು ಎಂದು 2025ರಲ್ಲಿ ನೇಚರ್ ಪತ್ರಿಕೆಯಲ್ಲಿ ಪ್ರಕಟವಾಯಿತು. ಆಸೆ ಹುಟ್ಟಿಸುವ ಸಂಗತಿ. ಆದರೂ ಲಸಿಕೆ ಹಾಕಿಸಿಕೊಳ್ಳಲು ಸರ್ಪಸುತ್ತಿನ ನೋವೊಂದೇ ಸಾಕಷ್ಟು ಕಾರಣ.

ಮಕ್ಕಳು ಹೊರದೇಶದಲ್ಲಿರುವ ಮನೆಗಳಿಗೊಂದು ಮಾತು. ಆಸ್ಟ್ರೇಲಿಯಾದಲ್ಲಿ ನೆಲೆಸಿದ, ಅಲ್ಲಿನ ಸರ್ಕಾರಿ ಆರೋಗ್ಯ ವಿಮೆ ಮೆಡಿಕೇರ್ ಇರುವ 65 ದಾಟಿದ ಕನ್ನಡಿಗರಿಗೆ 2023ರ ನವೆಂಬರ್‌ನಿಂದ ಇದು ಉಚಿತ. ಅಮೆರಿಕದಲ್ಲಿ ಮೆಡಿಕೇರ್ ಪಾರ್ಟ್ ಡಿ ಎಂಬ ಔಷಧ ವಿಮೆ ಇರುವ ಹಿರಿಯರೂ ಆ ವರ್ಷದಿಂದ ಕೈಯಿಂದ ಹಣ ಕೊಡಬೇಕಿಲ್ಲ. ಅಪ್ಪ ಅಮ್ಮ ಊರಿನಲ್ಲೇ ಇದ್ದರೆ, ಮುಂದಿನ ಸಲ ಸಕ್ಕರೆ, ಬಿಪಿ ತೋರಿಸಲು ಅವರನ್ನು ಕರೆದುಕೊಂಡು ಹೋದಾಗ ಡಾಕ್ಟರಿಗೆ ಒಂದು ಪ್ರಶ್ನೆ ಕೇಳಿ: ‘ಇವರಿಗೆ ಸರ್ಪಸುತ್ತಿನ ಲಸಿಕೆ ಹಾಕಿಸಬಹುದೇ?’